ತಾಯಿಯ ಪಾತ್ರಕ್ಕೆ ಹುಡುಗನೇ ಏಕೆ?

ಈ ವರ್ಷದ ಕಾಲೇಜು ವಾರ್ಷಿಕೋತ್ಸವದಲ್ಲಿ ಮಾದಕ ವ್ಯಸನದ ಬಗ್ಗೆ ಕಿರುನಾಟಕವಿತ್ತು. ತಾಯಿಯ ಪಾತ್ರ ಮಾಡಿದ್ದು ಒಬ್ಬ ಹುಡುಗ. ಸೆರಗು ಜಾರಿದಾಗಲೆಲ್ಲ ಸಭಾಂಗಣ ನಕ್ಕಿತು. ನಾನೂ ನಕ್ಕೆ. ಮಗ ಸತ್ತು ಆ ತಾಯಿ ಅಳುವಾಗಲೂ ನಗು ನಿಲ್ಲಲಿಲ್ಲ. ನಾಟಕ ಹೇಳಬೇಕೆಂದಿದ್ದ ಮಾತು ಯಾರಿಗೂ ತಲುಪಲಿಲ್ಲ.

ಇದು ಹಳೆಯ ಕಥೆ. 1913ರಲ್ಲಿ ದಾದಾಸಾಹೇಬ್ ಫಾಲ್ಕೆ ‘ರಾಜಾ ಹರಿಶ್ಚಂದ್ರ’ ತೆಗೆದಾಗ ರಾಣಿಯ ಪಾತ್ರಕ್ಕೆ ಹೆಂಗಸರು ಸಿಗಲಿಲ್ಲ. ನಾವು ಚಂದ್ರಮತಿ ಎನ್ನುವ ರಾಣಿಗೆ ಅಲ್ಲಿ ತಾರಾಮತಿ ಎಂಬ ಹೆಸರು. ಹೋಟೆಲೊಂದರಲ್ಲಿ ಅಡುಗೆ ಕೆಲಸ ಮಾಡುತ್ತಿದ್ದ ಅಣ್ಣಾ ಸಾಳುಂಕೆ ಆ ಪಾತ್ರ ಮಾಡಿದರು. 1917ರ ‘ಲಂಕಾದಹನ’ದಲ್ಲಿ ರಾಮನೂ ಅವರೇ, ಸೀತೆಯೂ ಅವರೇ. ಅವರ ಅಭಿನಯದ ಬಗ್ಗೆ ನನ್ನ ತಕರಾರಿಲ್ಲ. ತೆರೆಯ ಮೇಲಿನ ಪತಿವ್ರತೆಗೆ ಕೈಮುಗಿಯುತ್ತಿದ್ದ ಸಮಾಜವೇ ಆ ಪಾತ್ರ ಮಾಡಲು ಬಂದ ಹೆಣ್ಣನ್ನು ಹಗುರವಾಗಿ ಕಂಡಿತಲ್ಲ, ಅದಕ್ಕೆ ನನ್ನ ತಕರಾರು.

ಆದರೂ ಕೆಲವರು ಬಂದರು. ಫಾಲ್ಕೆಯವರ ‘ಮೋಹಿನಿ ಭಸ್ಮಾಸುರ’ದಲ್ಲಿ ದುರ್ಗಾಬಾಯಿ ಕಾಮತ್ ಪಾರ್ವತಿಯಾದರು, ಅವರ ಮಗಳು ಕಮಲಾಬಾಯಿ ಮೋಹಿನಿಯಾದಳು. ಫಾತ್ಮಾ ಬೇಗಂ 1922ರಲ್ಲಿ ‘ವೀರ ಅಭಿಮನ್ಯು’ ಎಂಬ ಮಹಾಭಾರತದ ಕಥೆಯಿಂದಲೇ ಚಿತ್ರರಂಗಕ್ಕೆ ಬಂದು, 1926ರಲ್ಲಿ ತಾವೇ ಚಿತ್ರ ನಿರ್ದೇಶಿಸಿದರು. 1934ರಲ್ಲಿ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ ಬಂದಾಗ ತ್ರಿಪುರಾಂಬ ನಾಯಕಿಯಾಗಿದ್ದರು. ಮುಂದೆ ಮೀನಾ ಕುಮಾರಿ ಎಂದು ಹೆಸರಾದ ಮಹಜಬೀನ್ ಬಾನೊ 1950ರ ‘ಶ್ರೀ ಗಣೇಶ ಮಹಿಮಾ’ದಲ್ಲಿ ನಾಯಕಿ. ಪಾತ್ರ ಮಾಡುವುದಕ್ಕೆ ಬೇಕಾದದ್ದು ಆ ಹೆಣ್ಣಿನ ದುಃಖ ಅರ್ಥವಾಗುವ ಮನಸ್ಸು. ಅವಳ ಮನೆತನ, ಧರ್ಮ ನಮ್ಮದೇ ಆಗಿರಬೇಕಿಲ್ಲ.

ನಮ್ಮ ನಾಟಕಕ್ಕೆ ಹೆಸರು ಕೊಡಿ ಎಂದು ಮೇಡಂ ಎರಡು ಸಲ ಕೇಳಿದ್ದರು. ನಾವು ಹುಡುಗಿಯರೆಲ್ಲ ತಲೆ ತಗ್ಗಿಸಿದೆವು. ನಾನೂ ತಗ್ಗಿಸಿದೆ. ನನಗಿದ್ದ ಹೆದರಿಕೆ ವೇದಿಕೆಯದಲ್ಲ, ಮೊಬೈಲಿನದು. ಯಾರೋ ವಿಡಿಯೋ ಮಾಡಿ ಹಂಚಿದರೆ ಮನೆಯಲ್ಲಿ ಏನು ಹೇಳಲಿ? ಈ ಹೆದರಿಕೆ ಸುಳ್ಳಲ್ಲ. ಹಾಗೆಂದು ಮೂಲೆಯಲ್ಲಿ ಕೂರುವುದೂ ಉತ್ತರವಲ್ಲ.

ಅದಕ್ಕೆ ನನ್ನ ಕೋರಿಕೆ ಇಷ್ಟೆ. ಅಭ್ಯಾಸ ಕಾಲೇಜಿನ ವೇಳೆಯಲ್ಲೇ ನಡೆಯಲಿ. ಮೇಡಂ ಒಬ್ಬರು ಜೊತೆಗಿರಲಿ. ತಲೆಯ ಮೇಲೆ ದುಪಟ್ಟಾ ಹೊದ್ದೇ ಪಾತ್ರ ಮಾಡಲು ಅವಕಾಶವಿರಲಿ; ನಮ್ಮ ಅಮ್ಮಂದಿರು ಹಾಗೆಯೇ ತಾನೇ ಇರುವುದು? ನಾಟಕದ ಹೊತ್ತಿನಲ್ಲಿ ಸಭಾಂಗಣಕ್ಕೆ ಮೊಬೈಲ್ ಬೇಡ. ಇಷ್ಟಾದರೆ ಮನೆಯವರನ್ನು ಒಪ್ಪಿಸುವ ಕೆಲಸ ನಮ್ಮದು.

ಮುಂದಿನ ವರ್ಷ ನಾನು ದ್ವಿತೀಯ ಪಿಯುಸಿ. ತಾಯಿಯ ಪಾತ್ರಕ್ಕೆ ಈಗಲೇ ನನ್ನ ಹೆಸರು ಬರೆದುಕೊಳ್ಳಿ.