ಸಿದ್ದಿ ಕ್ರೈಸ್ತರ ಬಿಡುಗಡೆ: ಕೆಲವು ಆಕ್ಷೇಪಗಳಿಗೆ ಉತ್ತರ

ಉತ್ತರ ಕನ್ನಡದ ಕೋಗಿಲಬನದಿಂದ ಹಳಿಯಾಳ, ಮುಂಡಗೋಡದವರೆಗೆ ಆಫ್ರಿಕ ಮೂಲದ ಸಿದ್ದಿ ಕ್ರೈಸ್ತರ ಮಾತು ಬಂದಾಗಲೆಲ್ಲ ಕೆಲವು ಆಕ್ಷೇಪಗಳೂ ಬೆನ್ನಿಗೇ ಬರುತ್ತವೆ. ಮೊದಲನೆಯದು ಹರಿತವಾದದ್ದು.

‘ಆಫ್ರಿಕದಿಂದ ಹಿಡಿದು ತಂದು ಗೋವೆಯಲ್ಲಿ ಮಾರಿದವರು ಪೋರ್ಚುಗೀಸರು. ಒಡೆಯರ ಧರ್ಮದಲ್ಲಿ ಗುಲಾಮರ ಮಕ್ಕಳಿಗೆ ಎಂಥ ಬಿಡುಗಡೆ?’ ಚರಿತ್ರೆ ಸುಳ್ಳಲ್ಲ. ಸ್ನಾನದೀಕ್ಷೆ ಕೊಟ್ಟರು, ಬಿಡುಗಡೆ ಕೊಡಲಿಲ್ಲ. ಪೋರ್ಚುಗಲ್ ತನ್ನ ಸಾಮ್ರಾಜ್ಯದಲ್ಲಿ ಗುಲಾಮಗಿರಿ ರದ್ದು ಮಾಡಿದ್ದು 1869ರಲ್ಲಿ. ಅದಕ್ಕೆ ಮೊದಲೇ ಅನೇಕರು ತಪ್ಪಿಸಿಕೊಂಡು ಘಟ್ಟ ಹತ್ತಿ ಈ ಕಾಡು ಸೇರಿದ್ದರು. ಇಲ್ಲಿ ಅವರ ಮೇಲೆ ಒಡೆಯನ ಕಾವಲಿರಲಿಲ್ಲ. ಯಲ್ಲಾಪುರ, ಅಂಕೋಲೆಯ ಕಡೆ ಹಿಂದೂ ಸಿದ್ದಿಗಳಿದ್ದಾರೆ, ಹಳಿಯಾಳದಲ್ಲಿ ಮುಸ್ಲಿಂ ಸಿದ್ದಿಗಳೂ ಇದ್ದಾರೆ. ಕ್ರೂಸನ್ನು ಬಿಡಬೇಕೆಂದಿದ್ದರೆ ತಡೆಯುವವರು ಯಾರಿದ್ದರು? ಬಿಡುಗಡೆಯಾದವರು ಮತ್ತೆ ನೊಗಕ್ಕೆ ಹೆಗಲು ಕೊಡಬಾರದೆಂದು ಪೌಲ ಗಲಾತ್ಯದವರಿಗೆ ಬರೆದ ಪತ್ರದಲ್ಲಿ ವಾದಿಸುತ್ತಾನೆ. ಅವನ ಕಣ್ಣಮುಂದಿದ್ದದ್ದು ಸುನ್ನತಿಯಂಥ ಕಟ್ಟಳೆ, ನಿಜ. ಆದರೂ ಆ ಪತ್ರವನ್ನು ಓದಿಯೂ ಮನುಷ್ಯರನ್ನು ಕೊಂಡವನು ತಪ್ಪಿತಸ್ಥ. ಅದರಲ್ಲಿ ತನ್ನ ಮಾನ ಕಂಡುಕೊಂಡ ಸಿದ್ದಿಯಲ್ಲ.

ಎರಡನೆಯ ಆಕ್ಷೇಪ, ಈ ಬಿಡುಗಡೆ ಅಗ್ಗದ್ದೆಂಬುದು. ‘ಪಾಪನಿವೇದನೆ ಮಾಡಿದರಾಯಿತು, ಮತ್ತೆ ಏನು ಬೇಕಾದರೂ ಮಾಡಬಹುದು’ ಎನ್ನುವವರಿಗೆ ಅದೇ ಪತ್ರದ 5ನೇ ಅಧ್ಯಾಯ ಸಾಕು. ಅಲ್ಲಿನ ಸ್ವಾತಂತ್ರ್ಯ ಮೈಚಪಲಕ್ಕಲ್ಲ, ಒಬ್ಬರಿಗೊಬ್ಬರು ಆಳಾಗಿ ದುಡಿಯುವುದಕ್ಕೆ. ಕ್ರೈಸ್ತನ ಸ್ವಾತಂತ್ರ್ಯದ ಬಗ್ಗೆ 1520ರಲ್ಲಿ ಸುಧಾರಕ ಲೂಥರ್ ಬರೆದ ಕಿರುಹೊತ್ತಗೆಯ ತಿರುಳೂ ಇದೇ. ಕದ್ದವನು ಕದ್ದದ್ದನ್ನು ತಿರುಗಿ ಕೊಡಬೇಕೆಂದು ಕಥೋಲಿಕ ಸಭೆಯೂ ಕಲಿಸುತ್ತದೆ. ಇದರಲ್ಲಿ ಅಗ್ಗದ್ದೇನಿದೆ?

ಮೂರನೆಯ ಮಾತು ನಮ್ಮವರದೇ: ‘ಡಮಾಮಿ ನಗಾರಿ ಬಾರಿಸಿ ಕುಣಿಯುವವರು, ತೀರಿಹೋದ ಹಿರಿಯರನ್ನು ಕರೆಯುವವರು ಅರೆ ಕ್ರೈಸ್ತರು.’ ತೀರಿಹೋದವರಿಗಾಗಿ ನವೆಂಬರ್ 2ರಂದು ಇಡೀ ಕಥೋಲಿಕ ಸಭೆ ಪ್ರಾರ್ಥಿಸುತ್ತದೆಯಲ್ಲ! ಯೆಹೂದ್ಯರಲ್ಲದವರು ಮೊದಲು ಸುನ್ನತಿ ಮಾಡಿಸಿಕೊಳ್ಳಲಿ ಎಂಬ ಹಟವನ್ನು ಜೆರುಸಲೇಮಿನಲ್ಲಿ ಕೂಡಿದ ಪ್ರೇಷಿತರೇ ಒಪ್ಪಲಿಲ್ಲ. ಹಾಗಿರುವಾಗ ಸಿದ್ದಿಯೊಬ್ಬ ಡಮಾಮಿ ಕೆಳಗಿಟ್ಟು ಗೋವೆಯವನಂತೆ ಆಗಲೇಬೇಕೆಂಬುದು ಹೊಸ ನೊಗ.

ಕೊನೆಯ ಆಕ್ಷೇಪ: ‘ಆತ್ಮದ ಬಿಡುಗಡೆಯಿಂದ ಹೊಟ್ಟೆ ತುಂಬೀತೆ?’ ತುಂಬದು. ಅದಕ್ಕೆ ಭೂಮಿ ಬೇಕು, ಕೂಲಿ ಬೇಕು. 2003ರಲ್ಲಿ ಉತ್ತರ ಕನ್ನಡದ ಸಿದ್ದಿಗಳು ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದಾಗ ಕಾನೂನು ಯಾರ ಧರ್ಮವನ್ನೂ ಕೇಳಲಿಲ್ಲ. 2006ರ ಅರಣ್ಯ ಹಕ್ಕು ಕಾಯ್ದೆಯೂ ಕೇಳುವುದಿಲ್ಲ. ಆದರೆ ಸಾಹುಕಾರನೆದುರು ತಲೆ ತಗ್ಗಿಸಿಯೇ ಬೆಳೆದವನು ಕಚೇರಿಯ ಮೆಟ್ಟಿಲು ಹತ್ತಿ ‘ಈ ಜಮೀನು ನನ್ನದು’ ಎನ್ನಬೇಕಾದರೆ ಮೊದಲು ಒಳಗಿನ ಅಂಜಿಕೆ ಹೋಗಬೇಕು. ದೇವರ ಮುಂದೆ ತಾನೂ ಸಾಹುಕಾರನ ಸರಿಸಮ ಎಂದು ನಂಬಿದವನಿಗೆ ಅದು ಸುಲಭ. ಹೊಟ್ಟೆಯ ಚಿಂತೆ ನಿಜವಾಗಿಯೂ ಇರುವವರು ಹಳಿಯಾಳದ ಯಾವುದಾದರೂ ಸಿದ್ದಿ ಊರಿಗೆ ಬಂದು, ಒಂದು ಅರಣ್ಯ ಹಕ್ಕಿನ ಅರ್ಜಿ ತುಂಬಿಕೊಡಲಿ.