ಕಡಲ ನೀರು ನಲ್ಲಿಗೆ ಬರುವ ಮುನ್ನ

ಹಜ್ಜ್ ಅಥವಾ ಉಮ್ರಾ ಮುಗಿಸಿ ಬಂದವರಲ್ಲಿ ಅಲ್ಲಿನ ನೀರಿನ ಬಗ್ಗೆ ಕೇಳಿ ನೋಡಿ. ಝಮ್‌ಝಮ್ ಬಗ್ಗೆ ಅರ್ಧ ಗಂಟೆ ಹೇಳುತ್ತಾರೆ. ಆದರೆ ತಂಗಿದ್ದ ಕೋಣೆಯಲ್ಲಿ ಸ್ನಾನಕ್ಕೆ, ವುಝೂಗೆ, ಬಟ್ಟೆ ಒಗೆಯಲು ನಲ್ಲಿ ತಿರುಗಿಸಿದಾಗ ಬಂದ ನೀರು ಎಲ್ಲಿಯದೆಂದು ಹೆಚ್ಚಿನವರು ಯೋಚಿಸಿರುವುದಿಲ್ಲ. ಅದು ಬಹುಪಾಲು ಕೆಂಪು ಸಮುದ್ರದ್ದು. ಜಿದ್ದಾದ ದಕ್ಷಿಣಕ್ಕಿರುವ ಶುಐಬಾ ಕಡಲತೀರದಲ್ಲಿ ಉಪ್ಪು ತೆಗೆದು, ಪೈಪುಗಳಲ್ಲಿ ಮೇಲಕ್ಕೆ ಹತ್ತಿಸಿ ಮಕ್ಕಾಕ್ಕೆ ತಂದ ನೀರು.

ಇದು ನಿನ್ನೆ ಮೊನ್ನೆಯ ಕಥೆಯಲ್ಲ. 1907ರಲ್ಲಿ, ಉಸ್ಮಾನಿಯರ ಕಾಲದಲ್ಲೇ, ಜಿದ್ದಾದಲ್ಲಿ ಸಮುದ್ರದ ನೀರನ್ನು ಕಾಯಿಸಿ ಆವಿಯನ್ನು ತಣಿಸುವ ಯಂತ್ರವೊಂದು ಬಂದಿತ್ತು. ಕಂಡೆನ್ಸರ್ ಎಂಬ ಪದ ಅರಬರ ಬಾಯಲ್ಲಿ ‘ಕಿಂದಾಸ’ ಆಯಿತು. ಈಗ ಬೇರೆ ವಿಧಾನ ಮುಂದಿದೆ. ಸಮುದ್ರದ ನೀರನ್ನು ಭಾರೀ ಒತ್ತಡದಲ್ಲಿ ತೆಳು ಪೊರೆಯ ಮೂಲಕ ನುಗ್ಗಿಸುತ್ತಾರೆ. ನೀರು ಆಚೆ ಹೋಗುತ್ತದೆ, ಉಪ್ಪು ಈಚೆ ಉಳಿಯುತ್ತದೆ. ನಮ್ಮ ಅಡುಗೆಮನೆಯ ಗೋಡೆಯಲ್ಲಿರುವ ಆರ್‌ಓ ಯಂತ್ರದ ದೊಡ್ಡಣ್ಣ ಎನ್ನಿ. ಒಂದು ಲೀಟರ್ ಸಮುದ್ರದ ನೀರಿನಲ್ಲಿ ಸುಮಾರು 35 ಗ್ರಾಂ ಉಪ್ಪಿರುತ್ತದೆ. ಅದನ್ನು ತೆಗೆಯಲು ಸಾವಿರ ಲೀಟರ್ ಸಿಹಿನೀರಿಗೆ 3ರಿಂದ 4 ಯೂನಿಟ್ ಕರೆಂಟ್ ಬೇಕು.

ಆ ನೀರು ಆರೋಗ್ಯಕ್ಕೆ ಒಳ್ಳೆಯದೇ? ಗಲ್ಫ್‌ನಲ್ಲಿ ಲಕ್ಷಾಂತರ ಜನ ದಶಕಗಳಿಂದ ಬಳಸುತ್ತಿದ್ದಾರೆ, ನಮ್ಮವರೂ ಸೇರಿ. ಆದುದರಿಂದ ಹೆದರಬೇಕಾಗಿಲ್ಲ. ಆದರೆ ಪೊರೆ ದಾಟಿದ ನೀರು ಉಪ್ಪಿನ ಜೊತೆಗೆ ಕ್ಯಾಲ್ಸಿಯಂ, ಮೆಗ್ನೀಷಿಯಂಗಳನ್ನೂ ಬಿಟ್ಟು ಬಂದಿರುತ್ತದೆ. ಹಾಗೆಯೇ ಬಿಟ್ಟರೆ ಅದು ಪೈಪನ್ನೇ ತಿನ್ನುತ್ತದೆ. ಆದ್ದರಿಂದ ಸ್ಥಾವರದಲ್ಲೇ ಸುಣ್ಣಕಲ್ಲಿನ ಮೂಲಕ ಹಾಯಿಸಿ ಕ್ಯಾಲ್ಸಿಯಂ ಸೇರಿಸುತ್ತಾರೆ. ಮೆಗ್ನೀಷಿಯಂ ಸೇರಿಸುವುದು ಅಪರೂಪ. ಇದರಿಂದ ಹೃದಯಕ್ಕೆ ತೊಂದರೆಯಾದೀತೇ ಎಂಬ ಚರ್ಚೆ ಇಂಥ ನೀರನ್ನೇ ನಂಬಿರುವ ದೇಶಗಳಲ್ಲಿ ವರ್ಷಗಳಿಂದ ನಡೆದಿದೆ. ಬೇಳೆ, ಸೊಪ್ಪು, ಖರ್ಜೂರ ತಿನ್ನುವ ಮನೆಯವರು ಇದಕ್ಕಾಗಿ ನಿದ್ದೆಗೆಡಬೇಕಾಗಿಲ್ಲ.

ನನಗೆ ಹೆಚ್ಚು ಚಿಂತೆ ಮನೆಯ ಮೇಲಿನ ಟ್ಯಾಂಕಿನದು. ಕೋಟಿಗಟ್ಟಲೆ ಖರ್ಚು ಮಾಡಿ ಶುದ್ಧಗೊಳಿಸಿದ ನೀರು ಕೊನೆಗೆ ಬಿಸಿಲಲ್ಲಿ ಕುದಿಯುವ, ಮುಚ್ಚಳ ಸರಿಯಿಲ್ಲದ, ತಳದಲ್ಲಿ ಪಾಚಿ ಹಿಡಿದ ಟ್ಯಾಂಕಿಗೆ ಬೀಳುತ್ತದೆ. ಹತ್ತು ಹನ್ನೆರಡು ಮಂದಿ ಹಂಚಿಕೊಂಡಿರುವ ಬ್ಯಾಚುಲರ್ ರೂಮುಗಳಲ್ಲಿ ಆ ಟ್ಯಾಂಕ್ ಯಾರ ಕೆಲಸ? ಯಾರದ್ದೂ ಅಲ್ಲ. ಅಲ್ಲಿರುವ ಸಹೋದರರೇ, ಮುಂದಿನ ರಜಾದಿನ ಒಮ್ಮೆ ಹತ್ತಿ ನೋಡಿ.

ಇನ್ನು ನಮ್ಮ ಕರಾವಳಿ. ಮಂಗಳೂರಿನ ತಣ್ಣೀರುಬಾವಿಯಲ್ಲಿ ಎಂಆರ್‌ಪಿಎಲ್ ದಿನಕ್ಕೆ ಮೂರು ಕೋಟಿ ಲೀಟರ್ ಸಾಮರ್ಥ್ಯದ ಸ್ಥಾವರ ಕಟ್ಟಿಸಿದೆ. (ಊರಿನ ಹೆಸರು ತಣ್ಣೀರುಬಾವಿ, ಅಲ್ಲಿ ಕಡಲ ನೀರನ್ನು ಸಿಹಿ ಮಾಡುವ ಯಂತ್ರ!) ನೇತ್ರಾವತಿ ಬತ್ತಿದ 2016 ಮತ್ತು 2019ರ ಬೇಸಿಗೆಗಳಲ್ಲಿ ನೀರಿಲ್ಲದೆ ತೈಲಾಗಾರದ ಘಟಕಗಳನ್ನು ನಿಲ್ಲಿಸಬೇಕಾಗಿತ್ತು. ಆ ಲೆಕ್ಕದಲ್ಲಿ ಇದು ಸರಿಯಾದ ಹೆಜ್ಜೆಯೆಂದೇ ನನ್ನ ಅಭಿಪ್ರಾಯ. ಕಾರ್ಖಾನೆ ಕಡಲಿನಿಂದ ಕುಡಿಯಲಿ, ತುಂಬೆ ಅಣೆಕಟ್ಟಿನ ನೀರು ಮನೆಗಳಿಗೆ ಉಳಿಯಲಿ.

ಆದರೆ ಏಪ್ರಿಲ್ ಬಂತೆಂದರೆ ‘ಚೆನ್ನೈಯಲ್ಲಿ ಮಾಡಿದ್ದಾರೆ, ನಮಗೂ ಮಾಡಿ ಕೊಡಿ’ ಎಂಬ ಮಾತು ಕೇಳಿಬರುತ್ತದೆ. ಚೆನ್ನೈಯಲ್ಲಿ 2010ರಿಂದ ಮಿಂಜೂರು, 2013ರಿಂದ ನೆಮ್ಮೇಲಿ ಸ್ಥಾವರಗಳು ದಿನಕ್ಕೆ ತಲಾ 10 ಕೋಟಿ ಲೀಟರ್‌ನ ಸಾಮರ್ಥ್ಯದಲ್ಲಿ ಬಂದವು. ಅವರಿಗೆ ಅದು ಬೇಕಿತ್ತು. ನಮ್ಮಲ್ಲಿ ವರ್ಷಕ್ಕೆ ಮೂರೂವರೆ ಸಾವಿರ ಮಿಲಿಮೀಟರ್ ಮಳೆ ಸುರಿಯುತ್ತದೆ. ಅದನ್ನೆಲ್ಲ ಚರಂಡಿಗೆ ಬಿಟ್ಟು, ಕಡಲಿಗೆ ಸೇರಿಸಿ, ಆಮೇಲೆ ಕರೆಂಟ್ ಸುಟ್ಟು ಅದೇ ನೀರನ್ನು ವಾಪಸ್ ಹಿಂಡುವುದೇ? ಹಿಂಡಿದ ಮೇಲೆ ಉಳಿಯುವ ದಪ್ಪ ಉಪ್ಪುನೀರು ಸಿಹಿನೀರಿಗಿಂತ ಹೆಚ್ಚೇ ಇರುತ್ತದೆ. ಅದನ್ನು ಎಲ್ಲಿ ಬಿಡುತ್ತಾರೆಂದು ಮೊದಲು ಕೇಳಬೇಕಾದವರು ದಡದ ಬಳಿ ಬಲೆ ಬೀಸುವವರು.

ತೀರದ ಬಾವಿಗಳು ಬೇಸಿಗೆಯಲ್ಲಿ ಉಪ್ಪಾಗುವುದೂ ನಾವು ಪಂಪ್ ಇಟ್ಟು ಅತಿಯಾಗಿ ಎಳೆಯುವುದರಿಂದಲೇ. ಸಿಹಿನೀರಿನ ಒತ್ತಡ ಇಳಿದಂತೆ ಕಡಲು ಒಳಗೆ ಬರುತ್ತದೆ. ಆಗ ಕೊಡ ಹಿಡಿದು ಟ್ಯಾಂಕರ್ ಕಾಯುವವರು ಹೆಂಗಸರು. ಟ್ಯಾಂಕರಿನ ನೀರಿನ ಮೂಲ ಯಾರೂ ಕೇಳುವುದಿಲ್ಲ, ಕಾಮಾಲೆ, ಟೈಫಾಯ್ಡ್ ಹಿಂದೆಯೇ ಬರುತ್ತವೆ.

ಆರ್‌ಓ ಬಗ್ಗೆಯೂ ಒಂದು ಮಾತು. ಗಲ್ಫ್‌ನಿಂದ ಬಂದವರು ಊರಿನ ಬಾವಿ ನೀರಿಗೂ ಅದನ್ನು ಹಾಕಿಸುತ್ತಾರೆ. ಮುರಕಲ್ಲಿನ ನೆಲದ ಬಾವಿ ನೀರಲ್ಲಿ ಲವಣ ಮೊದಲೇ ಕಡಿಮೆ. ಅಲ್ಲಿರುವುದು ರೋಗಾಣುವಿನ ಭಯ, ಅದಕ್ಕೆ ಚೆನ್ನಾಗಿ ಕುದಿಸಿದರೆ ಸಾಕು. ಲೀಟರಿಗೆ 500 ಮಿಲಿಗ್ರಾಂಗಿಂತ ಕಡಿಮೆ ಲವಣವಿರುವಲ್ಲಿ ಆರ್‌ಓ ಬೇಡವೆಂದು ರಾಷ್ಟ್ರೀಯ ಹಸಿರು ನ್ಯಾಯಮಂಡಳಿ 2019ರಲ್ಲೇ ಹೇಳಿದೆ. ಒಂದು ಕೊಡ ಶುದ್ಧ ನೀರಿಗೆ ಅದು ಎರಡು ಮೂರು ಕೊಡ ಚೆಲ್ಲುತ್ತದೆ. ಬಾವಿ ನಿಜವಾಗಿ ಉಪ್ಪಾಗಿದ್ದರೆ ಮಾತ್ರ ಬೇರೆ.

ನಮ್ಮ ಮಸೀದಿ, ಮದ್ರಸಗಳ ಮೇಲ್ಛಾವಣಿ ಎಷ್ಟು ವಿಶಾಲವಿದೆ! ಮೊದಲ ಎರಡು ಮಳೆಯ ಕೊಳೆ ಹೊರಬಿಟ್ಟು, ಜಲ್ಲಿ-ಮರಳಿನ ಗುಂಡಿಯ ಮೂಲಕ ಆ ನೀರನ್ನು ಬಾವಿಗೆ ಇಳಿಸುವ ಪೈಪಿಗೆ ಎಷ್ಟು ಖರ್ಚಾಗುತ್ತದೆಂದು ಜಮಾಅತ್ ಕಮಿಟಿಯವರು ಮೇ ತಿಂಗಳಲ್ಲೇ ಪ್ಲಂಬರ್‌ನನ್ನು ಕರೆದು ಕೇಳಲಿ.