ನೆಲ ಹೋದ ದಿನದ ಬೆಲೆ, ಹಣ ಬಂದ ದಿನದ ಬೆಲೆ

ಭೂಸ್ವಾಧೀನದ ನೋಟಿಸು ಬಂತೆಂದರೆ ನಮ್ಮ ರೈತರು ಮೊದಲು ಕೇಳುವುದು “ಎಕರೆಗೆ ಎಷ್ಟು ಕೊಡುತ್ತಾರೆ?” ಎಂದು. ಅದಕ್ಕಿಂತ ಮುಖ್ಯವಾದ ಪ್ರಶ್ನೆಯೊಂದಿದೆ: ಯಾವ ದಿನದ ಬೆಲೆ, ಮತ್ತು ಯಾವ ದಿನ ಕೊಡುತ್ತಾರೆ?

ಪ್ರಾಥಮಿಕ ಅಧಿಸೂಚನೆ ಹೊರಟ ದಿನ ಜಮೀನಿನ ಮಾರುಕಟ್ಟೆ ಬೆಲೆ ಎಷ್ಟಿತ್ತೋ ಅದೇ ಪರಿಹಾರಕ್ಕೆ ಆಧಾರ. ಸರ್ಕಾರ ವರ್ಷದೊಳಗೆ ಹಣ ಕೊಟ್ಟುಬಿಟ್ಟರೆ ಇದರಲ್ಲಿ ದೊಡ್ಡ ಅನ್ಯಾಯವೇನೂ ಇಲ್ಲ. ಹದಿನೈದು ವರ್ಷ ಕಳೆದ ಮೇಲೆ ಅದೇ ಹಳೆಯ ಬೆಲೆ ಕಟ್ಟಿದರೆ? ಒಂದು ಎಕರೆ ಕೊಟ್ಟವನಿಗೆ ಅದೇ ಸೀಮೆಯಲ್ಲಿ ಹತ್ತು ಗುಂಟೆಯೂ ಸಿಗದೆ ಹೋಗಬಹುದು.

ಬೆಂಗಳೂರು–ಮೈಸೂರು ಇನ್‌ಫ್ರಾಸ್ಟ್ರಕ್ಚರ್ ಕಾರಿಡಾರ್ ಯೋಜನೆಯಲ್ಲಿ ಆದದ್ದು ಇದೇ. ಕರ್ನಾಟಕ ಕೈಗಾರಿಕಾ ಪ್ರದೇಶಾಭಿವೃದ್ಧಿ ಮಂಡಳಿ 2003ರ ಜನವರಿಯಲ್ಲಿ ಪ್ರಾಥಮಿಕ ಅಧಿಸೂಚನೆ ಹೊರಡಿಸಿತು. 2005ರಲ್ಲಿ ಜಮೀನು ಕೈವಶವಾಯಿತು. ಐತೀರ್ಪು ಬಂದದ್ದು 2019ರ ಏಪ್ರಿಲ್‌ನಲ್ಲಿ, ಅದೂ ನ್ಯಾಯಾಂಗ ನಿಂದನೆಯ ನೋಟಿಸು ಜಾರಿಯಾದ ಮೇಲೆ! ಗೊಟ್ಟಿಗೆರೆಯಲ್ಲಿ ನಿವೇಶನ ಕಳೆದುಕೊಂಡವರು ಕಟ್ಟಕಡೆಗೆ ಸರ್ವೋಚ್ಚ ನ್ಯಾಯಾಲಯದ ಬಾಗಿಲು ತಟ್ಟಿದರು. 2025ರ ಜನವರಿ 2ರಂದು ತೀರ್ಪು ಹೊರಬಿತ್ತು: 2003ರ ಬೆಲೆಯಲ್ಲ, 2019ರ ಏಪ್ರಿಲ್ 22ರ ಬೆಲೆಯಂತೆ ಪರಿಹಾರ ಕೊಡಿ, ಎರಡು ತಿಂಗಳಲ್ಲಿ ಹೊಸ ಐತೀರ್ಪು ಮಾಡಿ. ಆಸ್ತಿಯ ಹಕ್ಕು ಮೂಲಭೂತ ಹಕ್ಕಾಗಿ ಉಳಿದಿಲ್ಲವಾದರೂ ಸಂವಿಧಾನದ 300-ಎ ವಿಧಿಯಂತೆ ಅದು ಸಾಂವಿಧಾನಿಕ ಹಕ್ಕೇ ಎಂದು ನ್ಯಾಯಾಲಯ ನೆನಪಿಸಿತು.

ಸಂತೋಷದ ಮಾತೇ. ಆದರೆ ಬೆಲೆಯ ದಿನಾಂಕವನ್ನು ಹೀಗೆ ಮುಂದಕ್ಕೆ ಹಾಕುವ ಅಧಿಕಾರ ಭೂಸ್ವಾಧೀನಾಧಿಕಾರಿಗೆ ಇಲ್ಲ, ಉಚ್ಚ ನ್ಯಾಯಾಲಯಕ್ಕೆ ಅಥವಾ ಸರ್ವೋಚ್ಚ ನ್ಯಾಯಾಲಯಕ್ಕೆ ಮಾತ್ರ ಉಂಟು ಎಂಬುದೂ ಅದೇ ತೀರ್ಪಿನಲ್ಲಿದೆ. ಅಂದರೆ ದಿಲ್ಲಿಯವರೆಗೆ ಹೋಗಬಲ್ಲವನಿಗೆ ಒಂದು ನ್ಯಾಯ, ತಾಲ್ಲೂಕು ಕಚೇರಿಗೆ ಬಸ್ ಚಾರ್ಜು ಹೊಂದಿಸುವವನಿಗೆ ಇನ್ನೊಂದು.

ಬಡ್ಡಿ ಕೊಡುತ್ತಾರಲ್ಲ ಎನ್ನುವವರಿದ್ದಾರೆ. 1894ರ ಕಾಯಿದೆಯಂತೆ ಜಮೀನು ವಶಕ್ಕೆ ಹೋದ ಮೊದಲ ವರ್ಷಕ್ಕೆ ಶೇ. 9, ಆಮೇಲೆ ಶೇ. 15 ಬಡ್ಡಿ ಇದ್ದದ್ದು ನಿಜ. ಆದರೆ ನಗರದ ಅಂಚಿನಲ್ಲಿ ಭೂಮಿಯ ಬೆಲೆ ಏರುವುದು ಬಡ್ಡಿಯ ಲೆಕ್ಕದಲ್ಲಲ್ಲ. ಮಂಡಳಿಯೇ ಅದೇ ಭೂಮಿಯನ್ನು ಹಂಚುವಾಗ ಹಳೆಯ ಬೆಲೆಗೆ ಬಡ್ಡಿ ಸೇರಿಸಿ ಕೊಡುತ್ತದೆಯೆ?

ರೋಗದ ಮೂಲ ಕಾಯಿದೆಯಲ್ಲಿಯೇ ಇದೆ. 1894ರ ಕಾಯಿದೆಯ 11-ಎ ಕಲಮಿನಂತೆ ಅಂತಿಮ ಘೋಷಣೆಯಾದ ಎರಡು ವರ್ಷದೊಳಗೆ ಐತೀರ್ಪು ಆಗದಿದ್ದರೆ ಸ್ವಾಧೀನದ ಕ್ರಮವೇ ಬಿದ್ದುಹೋಗುತ್ತಿತ್ತು. 2014ರ ಜನವರಿ 1ರಿಂದ ಜಾರಿಗೆ ಬಂದ ಹೊಸ ಕಾಯಿದೆ ಆ ಗಡುವನ್ನು ಹನ್ನೆರಡು ತಿಂಗಳಿಗೆ ಇಳಿಸಿದೆ. ಕೈಗಾರಿಕಾ ಮಂಡಳಿಯ 1966ರ ಕಾಯಿದೆಗೆ ಮಾತ್ರ ಈ ಕಡಿವಾಣವಿಲ್ಲ. 11-ಎ ಅದಕ್ಕೆ ಅನ್ವಯಿಸದೆಂದು 2011ರಲ್ಲಿ ಸರ್ವೋಚ್ಚ ನ್ಯಾಯಾಲಯವೇ ಹೇಳಿತು. ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರದ ಸ್ವಾಧೀನಗಳ ಬಗೆಗೂ ಅದೇ ವರ್ಷ ಅದೇ ತೀರ್ಮಾನ. ಗಡುವಿಲ್ಲದ ಕಚೇರಿಯಲ್ಲಿ ಕಡತ ಏಕೆ ಕದಲೀತು?

ಆದ್ದರಿಂದ ಕೇಳಬೇಕಾದದ್ದು ಕಾಯಿದೆಯ ತಿದ್ದುಪಡಿಯನ್ನು. ಇಷ್ಟು ತಿಂಗಳೊಳಗೆ ಐತೀರ್ಪು ಆಗಲೇಬೇಕು. ತಪ್ಪಿದರೆ ಐತೀರ್ಪಿನ ದಿನದ ಬೆಲೆ ತಾನಾಗಿಯೇ ಅನ್ವಯವಾಗಬೇಕು, ರೈತ ಕೋರ್ಟಿಗೆ ಅಲೆಯಬಾರದು. ಮತ ಕೇಳಲು ಬರುವ ಶಾಸಕರ ಮುಂದೆ ಇದನ್ನು ಲಿಖಿತವಾಗಿಯೇ ಇಡಿ. ಬಾಯಿಮಾತಿನ ಮನವಿಗೆ ಬಾಯಿಮಾತಿನ ಭರವಸೆಯೇ ಸಿಗುವುದು.

ಅಲ್ಲಿಯವರೆಗೆ ಎಚ್ಚರ ನಮ್ಮದು. ಕೈಗಾರಿಕಾ ಮಂಡಳಿಯವರು “ಒಪ್ಪಂದದ ದರ” ಎಂದು ಕಾಗದ ಮುಂದಿಟ್ಟರೆ ಓದಿಸಿ ಕೇಳದೆ ಹೆಬ್ಬೆಟ್ಟು ಒತ್ತಬೇಡಿ. ಒಪ್ಪಿ ಸಹಿ ಹಾಕಿದ ಮೇಲೆ ಹೆಚ್ಚಿನ ಪರಿಹಾರದ ದಾರಿ ಬಹುಮಟ್ಟಿಗೆ ಮುಚ್ಚಿದಂತೆಯೇ. ಒಪ್ಪಂದವಿಲ್ಲದೆ ಐತೀರ್ಪಾಗಿ, ಮೊತ್ತ ಸಾಲದೆನಿಸಿದರೆ, “ತಕರಾರಿನೊಡನೆ ಪಡೆದಿದ್ದೇನೆ” ಎಂದು ರಸೀತಿಯ ಮೇಲೆ ಬರೆದೇ ಹಣ ಪಡೆಯಿರಿ. ಐತೀರ್ಪಿನ ನೋಟಿಸು ನಿಮ್ಮ ಕೈಸೇರಿದ ಮೇಲೆ, ನ್ಯಾಯಾಲಯಕ್ಕೆ ಕಳಿಸಿರೆಂದು ಅರ್ಜಿ ಕೊಡಲು ಇರುವುದು ತೊಂಬತ್ತೇ ದಿನ. ಅರ್ಜಿಯ ನಕಲಿನ ಮೇಲೆ ಕಚೇರಿಯ ಮೊಹರು, ತಾರೀಖು ಎರಡನ್ನೂ ಹಾಕಿಸಿಕೊಂಡೇ ಹೊರಗೆ ಬನ್ನಿ.